ಆಕ್ಸೆಂಟ್ ಇರೋ ನಟ ಕೊನೇವರೆಗೂ ವಿಲನ್ನೇನಾ? ಪೀಟರ್ ಲೊರೆ ಬಗ್ಗೆ ಬಂದ ಪ್ರಶ್ನೆಗೆ ಉತ್ತರ

ಪ್ರಶ್ನೆ: ಸರ್, ನಾನು ಶಿವಮೊಗ್ಗ ಕಡೆಯವನು, ಈಗ ಕೆಲವು ವರ್ಷದಿಂದ ಟೊರಾಂಟೊದಲ್ಲಿದೀನಿ. ಊರಲ್ಲಿ ನಾಟಕ ಮಾಡ್ಕೊಂಡಿದ್ದೆ, ಇಲ್ಲಿ ಕೆಲಸದ ಜೊತೆಗೇ ಆಡಿಷನ್ ಕೊಡ್ತಾ ಇರ್ತೀನಿ. ಸಿಗೋದೆಲ್ಲ ಟ್ಯಾಕ್ಸಿ ಡ್ರೈವರ್, ಅಂಗಡಿಯವನು, ಇಲ್ಲಾಂದ್ರೆ ಪೊಲೀಸರಿಗೆ ಅನುಮಾನ ಬರೋ ಅಂಥ ಪಕ್ಕದ್ಮನೆಯವನು. ಈಗ ಒಂದು ಸೀರೀಸಲ್ಲಿ ಕಳ್ಳ ಪಾಸ್‌ಪೋರ್ಟ್ ಮಾರೋನ ಪಾತ್ರ ಬಂದಿದೆ, ಮುಂದಿನ ಸೀಸನ್‌ಗಳಿಗೂ ಸೇರಿಸಿ ಈಗ್ಲೇ ಸೈನ್ ಮಾಡ್ಬೇಕಂತೆ. ನನ್ನ ಫ್ರೆಂಡ್ ಒಬ್ಬ ಹಳೇ ಸಿನಿಮಾ ಹುಚ್ಚಿನವನು, "ಬೇಡ ಕಣೋ, ಪೀಟರ್ ಲೊರೆ ಗತಿ ಏನಾಯ್ತು ನೋಡು, ಅಂಥಾ ದೊಡ್ಡ ನಟ, ಹಾಲಿವುಡ್‌ಗೆ ಹೋಗಿ ಆಕ್ಸೆಂಟ್‌ನಿಂದಾಗಿ ಜೀವಮಾನ ಪೂರ್ತಿ ಕಳ್ಳ ಕೊಲೆಗಾರನ ಪಾತ್ರ ಮಾಡಿ ಡ್ರಗ್ಸ್ ತಗೊಂಡು ಹಾಳಾಗ್ಹೋದ" ಅಂದ. ಇದು ನಿಜಾನಾ? ಆಕ್ಸೆಂಟ್ ತೆಗೆದುಹಾಕಿದ್ರೆ ಅವನು ಬಚಾವಾಗ್ತಿದ್ನಾ? ನಾನು ಸೈನ್ ಮಾಡ್ಲಾ ಬೇಡ್ವಾ?

ಉತ್ತರ: ನಿಮ್ಮ ಪತ್ರದಲ್ಲಿ ಮೂರು ಭಯ ಒಂದಕ್ಕೊಂದು ಗಂಟು ಬಿದ್ದಿವೆ. ಒಂದು, ನನ್ನ ಮಾತಿನ ಧಾಟಿನೇ ನನಗೆ ಶತ್ರು ಆಗುತ್ತಾ ಅಂತ. ಎರಡು, ಒಂದ್ಸಲ ಒಂಥರಾ ಪಾತ್ರ ಒಪ್ಕೊಂಡ್ರೆ ಅದರಿಂದ ಆಚೆ ಬರಕ್ಕಾಗಲ್ವಾ ಅಂತ. ಮೂರನೇದನ್ನ ನೀವು ಬಾಯಿಬಿಟ್ಟು ಹೇಳಿಲ್ಲ, ಆದ್ರೆ ಓದಿದ್ರೆ ಗೊತ್ತಾಗುತ್ತೆ, ಇಷ್ಟು ದೂರ ಬಂದು ಇಂಥ ಪಾತ್ರ ಮಾಡೋದು ಸೋಲಾ ಅಂತ. ನಾನು ಹಳೇ ಸಿನಿಮಾ ಪಾಠ ಮಾಡ್ತಾ, ನಟರ ಜೊತೆ ವರ್ಕ್‌ಶಾಪ್ ಮಾಡ್ತಾ ಬಂದಿರೋನು, ಲೊರೆ ಸಿನಿಮಾಗಳನ್ನ ಪಾಠಕ್ಕೆ ಅಂತಾನೇ ಮತ್ತೆ ಮತ್ತೆ ನೋಡಿದೀನಿ. ನಿಮ್ಮ ಫ್ರೆಂಡ್ ಹೇಳಿದ್ರಲ್ಲಿ ಅರ್ಧ ನಿಜ ಇದೆ, ಆದ್ರೆ ಕಾರಣ ತಪ್ಪು ಹೇಳಿದಾರೆ, ಕಾರಣ ತಪ್ಪಾದ್ರೆ ನೀವು ತಗೊಳ್ಳೋ ನಿರ್ಧಾರನೂ ತಪ್ಪಾಗುತ್ತೆ, ಅದಕ್ಕೇ ಇಷ್ಟುದ್ದ ಬರೀತಿದೀನಿ.

ಮೊದಲು ಆಕ್ಸೆಂಟ್ ವಿಷಯ. ಲೊರೆ ಹುಟ್ಟಿದ್ದು 1904ರಲ್ಲಿ, ಆಗಿನ ಆಸ್ಟ್ರಿಯಾ-ಹಂಗೇರಿ ಸಾಮ್ರಾಜ್ಯದ ರೋಜಾಹೆಜ್ ಅನ್ನೋ ಊರಲ್ಲಿ, ಅದು ಈಗ ಸ್ಲೊವಾಕಿಯಾದ ರುಜೊಂಬೆರೊಕ್. ಹುಟ್ಟು ಹೆಸರು ಲಾಸ್ಲೊ ಲೋವೆನ್‌ಸ್ಟೈನ್, ಮನೇಲಿ ಜರ್ಮನ್ ಮಾತಾಡೋ ಯಹೂದಿ ಕುಟುಂಬ. ವಿಯೆನ್ನಾದಲ್ಲಿ ಬ್ಯಾಂಕ್ ಕ್ಲರ್ಕ್ ಆಗಿ ಕೂತಿದ್ದೋನು ಅದನ್ನ ಬಿಟ್ಟು ಜೇಕಬ್ ಮೊರೆನೊ ಅನ್ನೋ ಡಾಕ್ಟರ್ ನಡೆಸ್ತಿದ್ದ, ಸ್ಕ್ರಿಪ್ಟೇ ಇಲ್ಲದೆ ಅಲ್ಲಲ್ಲೇ ಕಟ್ಟಿ ಆಡೋ ನಾಟಕದ ತಂಡ ಸೇರ್ಕೊಂಡ. ಆಮೇಲೆ ಬ್ರೆಸ್ಲಾವ್, ಜ್ಯೂರಿಕ್ ಅಂತ ಸುತ್ತಿ 1929ಕ್ಕೆ ಬರ್ಲಿನ್. ಅಲ್ಲಿ ನಾಟಕಕಾರ ಬ್ರೆಖ್ಟ್ ಕಣ್ಣಿಗೆ ಬಿದ್ದ, ಅವನ ನಾಟಕಗಳಲ್ಲಿ ದೊಡ್ಡ ದೊಡ್ಡ ಪಾತ್ರ ಮಾಡ್ದ, ಕಾಮಿಡಿನೂ ಮಾಡ್ದ. 1931ರಲ್ಲಿ ಫ್ರಿಟ್ಸ್ ಲಾಂಗ್‌ನ 'ಎಂ' ಬಂತು. ಮಕ್ಕಳನ್ನ ಕೊಲ್ಲೋ ಹಾನ್ಸ್ ಬೆಕರ್ಟ್ ಅನ್ನೋ ಮನುಷ್ಯನ ಪಾತ್ರ. ಆ ಸಿನಿಮಾದಲ್ಲಿ ಅವನ ಮಾತು ಬಹಳ ಕಡಿಮೆ, ಶಿಳ್ಳೆ ಜಾಸ್ತಿ (ಆ ಶಿಳ್ಳೆನೂ ಅವನದಲ್ಲ, ಲೊರೆಗೆ ಶಿಳ್ಳೆ ಹಾಕಕ್ಕೆ ಬರ್ತಿರ್ಲಿಲ್ಲ, ಡೈರೆಕ್ಟರ್ರೇ ಹಾಕಿದ್ದು). ಕೊನೇಲಿ ಊರಿನ ಕಳ್ಳರೆಲ್ಲ ಸೇರಿ ಅವನನ್ನ ಹಿಡಿದು ವಿಚಾರಣೆ ಮಾಡ್ತಾರೆ, ಆಗ ಅವನು ತನ್ನೊಳಗಿರೋದನ್ನ ತಡೆಯಕ್ಕಾಗಲ್ಲ ಅಂತ ಕಿರುಚ್ತಾನಲ್ಲ, ಆ ಕೆಲವು ನಿಮಿಷದಲ್ಲಿ ನೋಡೋರಿಗೆ ಅಸಹ್ಯ ಕರುಣೆ ಎರಡೂ ಒಟ್ಟಿಗೇ ಬರುತ್ತೆ, ನಾನು ಪಾಠ ಮಾಡುವಾಗ ಆ ಸೀನ್ ಆದ್ಮೇಲೆ ಕ್ಲಾಸಲ್ಲಿ ಸ್ವಲ್ಪ ಹೊತ್ತು ಯಾರೂ ಮಾತಾಡಲ್ಲ.

ಇದನ್ನ ಯಾಕೆ ಹೇಳ್ದೆ ಅಂದ್ರೆ, ಅಷ್ಟೊತ್ತಿಗೇ ಟೈಪ್‌ಕಾಸ್ಟ್, ಅಂದ್ರೆ ಒಂದೇ ಥರದ ಪಾತ್ರಕ್ಕೆ ಅಂಟಿಸೋದು, ಶುರುವಾಗಿತ್ತು. ಅವನಿಗೆ ಆಗ ಇಂಗ್ಲಿಷೇ ಬರ್ತಿರ್ಲಿಲ್ಲ! ತಾನು ಹುಟ್ಟಿನಿಂದ ಆಡಿದ ಭಾಷೇಲಿ, ಆಕ್ಸೆಂಟ್ ಪ್ರಶ್ನೆನೇ ಇಲ್ಲದ ಕಡೆ, ಒಂದೇ ಒಂದು ಪಾತ್ರನ ಅಷ್ಟು ಚೆನ್ನಾಗಿ ಮಾಡಿದ್ದಕ್ಕೆ ಪ್ರಪಂಚಕ್ಕೆ ಅವನು ಕೊಲೆಗಾರನಾದ. ಇಷ್ಟು ಸಾಲದು ಅಂತ ನಾಜಿಗಳು ಇನ್ನೊಂದು ಮಾಡಿದ್ರು. ಲೊರೆ 1933ರಲ್ಲೇ ಬರ್ಲಿನ್ ಬಿಟ್ಟು ಹೋಗಿದ್ದ, ಆದ್ರೂ 1940ರಲ್ಲಿ ಯಹೂದಿಗಳ ವಿರುದ್ಧ ಮಾಡಿದ ಒಂದು ಪ್ರಚಾರ ಚಿತ್ರದಲ್ಲಿ 'ಎಂ'ನ ಆ ಕಿರುಚೋ ದೃಶ್ಯನ ಕತ್ತರಿಸಿ ಹಾಕಿ, ನೋಡಿ ಯಹೂದಿ ಅಂದ್ರೆ ಹೀಗೆ ಅಂತ ತೋರಿಸಿದ್ರು. ಒಬ್ಬ ನಟನ ಒಳ್ಳೇ ಕೆಲಸನ ಅವನ ಜನಾಂಗದ ಮೇಲೇ ಎತ್ತಿ ಹೊಡೆದ ಹಾಗೆ. ಇದು ನೆನೆಸ್ಕೊಂಡಾಗೆಲ್ಲ ನನಗೆ ಇವತ್ತಿಗೂ ಸಿಟ್ಟು ಬರುತ್ತೆ.

ಇನ್ನು ಇಂಗ್ಲಿಷ್. 1934ರಲ್ಲಿ ಲಂಡನ್‌ಗೆ ಬಂದಾಗ ಅವನಿಗೆ ಗೊತ್ತಿದ್ದ ಇಂಗ್ಲಿಷ್ ಅಷ್ಟಕ್ಕಷ್ಟೇ. ಹಿಚ್‌ಕಾಕ್‌ನ ಮುಂದೆ ಕೂತಾಗ ಅವನು ಹೇಳೋ ಕಥೆ ಅರ್ಥ ಆಗ್ದೇ ಇದ್ರೂ ಸರಿಯಾದ ಜಾಗ ನೋಡ್ಕೊಂಡು ನಕ್ಕು ನಕ್ಕು ಪಾತ್ರ ಗಿಟ್ಟಿಸ್ಕೊಂಡ ಅಂತ ಲೊರೆನೇ ಹೇಳ್ಕೊಳ್ತಿದ್ದ. 'ದಿ ಮ್ಯಾನ್ ಹೂ ನ್ಯೂ ಟೂ ಮಚ್' ಚಿತ್ರದ ಡೈಲಾಗ್‌ಗಳಲ್ಲಿ ಬಹಳಷ್ಟನ್ನ ಸದ್ದು ಕೇಳಿ ಬಾಯಿಪಾಠ ಮಾಡಿ ಹೇಳಿದ್ದು. ಈ ಮಾತು ಕೇಳಿ ಜನ ಏನಂದ್ಕೊಳ್ತಾರೆ ಅಂದ್ರೆ ಪಾಪ ಭಾಷೆ ಬರದೇ ಒದ್ದಾಡ್ದ ಅಂತ. ನೀವು ಆ ಸಿನಿಮಾ ಈಗ ನೋಡಿ. ಹಣೆ ಹತ್ರ ಗಾಯದ ಗುರುತು, ಕೂದಲಲ್ಲಿ ಒಂದು ಬಿಳೀ ಗೆರೆ, ಮಗು ಕಿಡ್ನ್ಯಾಪ್ ಮಾಡಿಸೋ ಗ್ಯಾಂಗಿನ ಯಜಮಾನ, ಅಷ್ಟಾದ್ರೂ ಇಡೀ ಸಿನಿಮಾದಲ್ಲಿ ಆರಾಮಾಗಿ ನಗ್ತಾ ಇರೋನು ಅವನೊಬ್ನೇ. ಪದದ ಮೇಲೆ ಹಿಡಿತ ಇಲ್ಲ ಅಂತ ಗೊತ್ತಿದ್ದಕ್ಕೆ ಪದದ ನಡುವಿನ ಜಾಗನ ಬಳಸ್ಕೊಂಡ. ಮಾತಿಗೆ ಮುಂಚೆ ಒಂದು ಕ್ಷಣ ನಿಲ್ತಾನೆ, ಮೆತ್ತಗೆ ಶುರು ಮಾಡ್ತಾನೆ, ಯಾರೂ ಒತ್ತು ಕೊಡದ ಕಡೆ ಒತ್ತು ಕೊಡ್ತಾನೆ. ಆಮೇಲೆ ಬೇಗ್ನೇ ಇಂಗ್ಲಿಷ್ ಚೆನ್ನಾಗಿ ಕಲ್ತ, 1935ರಲ್ಲೇ 'ಕ್ರೈಮ್ ಅಂಡ್ ಪನಿಶ್‌ಮೆಂಟ್'ನಲ್ಲಿ ಮುಖ್ಯ ಪಾತ್ರ ಮಾಡ್ದ, ಆದ್ರೆ ಆ ಲಯನ ಬಿಡ್ಲಿಲ್ಲ. 1947ರಲ್ಲಿ ಎನ್‌ಬಿಸಿ ರೇಡಿಯೋದಲ್ಲಿ ಅವನನ್ನೇ ಮುಖ್ಯ ನಟನಾಗಿ ಇಟ್ಕೊಂಡು ಒಂದು ಭಯಾನಕ ಕಥೆಗಳ ಸರಣಿ ಬಂತು. ರೇಡಿಯೋ! ಮುಖನೇ ಕಾಣದ ಕಡೆ ಆ ಧ್ವನಿ, ಆ ಆಕ್ಸೆಂಟ್ ಕೇಳಕ್ಕೆ ಅಂತಾನೇ ಜನ ಟ್ಯೂನ್ ಮಾಡ್ತಿದ್ರು. ಮಿಮಿಕ್ರಿಯವರು, ಕಾರ್ಟೂನ್ ಮಾಡೋರು ಎಲ್ಲ ಅವನ ಧ್ವನಿ ಎತ್ಕೊಂಡ್ರು. ಅಂದ್ರೆ ಅನ್ನ ಹಾಕಿದ್ದೇ ಅದು. ಅದನ್ನ ಉಜ್ಜಿ ತೆಗೆದಿದ್ರೆ ಅಮೆರಿಕದಲ್ಲಿ ಐದಡಿ ಚಿಲ್ಲರೆ ಎತ್ತರದ, ದುಂಡು ಮುಖದ, ದೊಡ್ಡ ಕಣ್ಣಿನ ಇನ್ನೊಬ್ಬ ನಟ ಉಳೀತಿದ್ದ, ಅಷ್ಟೇ.

ಹಾಗಾದ್ರೆ ಎಲ್ಲಿ ಎಡವಟ್ಟಾಯ್ತು? ನನ್ನ ಪ್ರಕಾರ ಕಾಂಟ್ರ್ಯಾಕ್ಟಲ್ಲಿ. ಆಗಿನ ಹಾಲಿವುಡ್ ಸ್ಟುಡಿಯೋಗಳು ನಟರನ್ನ ಏಳು ವರ್ಷದವರೆಗೆ ಕಟ್ಟಿಹಾಕ್ತಿದ್ವು. ಏಳು ವರ್ಷ ಅಂದ್ರೆ ಏಳು ವರ್ಷ ಕೆಲಸ ಗ್ಯಾರಂಟಿ ಅಂತಲ್ಲ, ಆರು ತಿಂಗಳಿಗೋ ವರ್ಷಕ್ಕೋ ಒಂದ್ಸಲ ಮುಂದುವರಿಸಬೇಕಾ ಬೇಡ್ವಾ ಅನ್ನೋ ಆಪ್ಷನ್ ಇರ್ತಿತ್ತು, ಆ ಆಪ್ಷನ್ ಬರೀ ಸ್ಟುಡಿಯೋ ಕೈಲಿ. ನಟನಿಗೆ ಬಿಟ್ಟು ಹೋಗೋ ಹಕ್ಕಿಲ್ಲ. ಕೊಟ್ಟ ಪಾತ್ರ ಬೇಡ ಅಂದ್ರೆ ಸಸ್ಪೆಂಡ್, ಸಂಬಳ ನಿಲ್ತು, ಆ ಸಸ್ಪೆಂಡ್ ಆದ ದಿನಗಳನ್ನ ಕಾಂಟ್ರ್ಯಾಕ್ಟಿನ ಕೊನೆಗೆ ಸೇರಿಸ್ತಿದ್ರು. ಇನ್ನೊಂದು, ಬೇರೆ ಸ್ಟುಡಿಯೋಗೆ ಬಾಡಿಗೆಗೆ ಕಳಿಸೋರು, ಅಲ್ಲಿಂದ ಬರೋ ಹೆಚ್ಚಿನ ದುಡ್ಡು ಸ್ಟುಡಿಯೋ ಜೇಬಿಗೆ, ನಟನಿಗೆ ಮೊದಲಿನ ಸಂಬಳನೇ. ಈ ಸಸ್ಪೆನ್ಷನ್ ಆಟಕ್ಕೆ ಬ್ರೇಕ್ ಬಿದ್ದಿದ್ದು ಒಲಿವಿಯಾ ಡಿ ಹ್ಯಾವಿಲೆಂಡ್ ವಾರ್ನರ್ ಸ್ಟುಡಿಯೋ ವಿರುದ್ಧ ಕೋರ್ಟಿಗೆ ಹೋಗಿ 1944ರಲ್ಲಿ ಗೆದ್ಮೇಲೆ. ಅವಳು ದೊಡ್ಡ ಸ್ಟಾರ್, ಹಾಗಾಗಿ ಕೇಸ್ ನಡೆಸೋ ಶಕ್ತಿ ಇತ್ತು. ದೇಶ ಬಿಟ್ಟು ಓಡಿಬಂದ ಪೋಷಕ ನಟ ಯಾವ ಧೈರ್ಯದ ಮೇಲೆ ಕೋರ್ಟಿಗೆ ಹೋಗ್ತಾನೆ ಹೇಳಿ.

ಲೊರೆನ ಅಮೆರಿಕಕ್ಕೆ ಕರೆಸಿದ್ದು ಕೊಲಂಬಿಯಾ ಸ್ಟುಡಿಯೋ. ಕರೆಸಿದ್ರು, ಆದ್ರೆ ಇವನಿಗೆ ಏನು ಕೊಡೋದು ಅಂತ ಅವರಿಗೇ ಗೊತ್ತಿರ್ಲಿಲ್ಲ, ಎಂಜಿಎಂಗೆ ಬಾಡಿಗೆಗೆ ಕಳಿಸಿದ್ರು, ಅಲ್ಲಿ ತಲೆ ನುಣ್ಣಗೆ ಬೋಳಿಸ್ಕೊಂಡು 'ಮ್ಯಾಡ್ ಲವ್'ನಲ್ಲಿ ಹುಚ್ಚು ಸರ್ಜನ್ ಆದ. ಆಮೇಲೆ ಟ್ವೆಂಟಿಯತ್ ಸೆಂಚುರಿ ಫಾಕ್ಸ್. ಅಲ್ಲಿ 1937ರಿಂದ 1939ರೊಳಗೆ ಮಿಸ್ಟರ್ ಮೋಟೊ ಅಂತ ಒಬ್ಬ ಜಪಾನಿ ಪತ್ತೇದಾರನ ಪಾತ್ರ, ಎಂಟು ಸಿನಿಮಾ. ಹಂಗೇರಿ ಕಡೆ ಹುಟ್ಟಿದ ಯಹೂದಿ ಜಪಾನಿ ಆಗಿ, ಕನ್ನಡಕದ ಸಹಾಯದಲ್ಲಿ. ಇವತ್ತು ಅದನ್ನ ನೋಡಿದ್ರೆ ಮುಜುಗರ ಆಗುತ್ತೆ, ಆಗ್ಲೇಬೇಕು, ಅಮೆರಿಕದಲ್ಲಿ ಏಷ್ಯಾ ಮೂಲದ ನಟರು ಕೆಲಸ ಇಲ್ದೆ ಕೂತಿದ್ದಾಗ ಆ ಪಾತ್ರ ಇವನಿಗೆ ಹೋಯ್ತು. ಪರದೇಶಿ ಅಂದ್ರೆ ಯಾವ ಪರದೇಶಿಯಾದ್ರೂ ಒಂದೇ ಅನ್ನೋದು ಸ್ಟುಡಿಯೋ ಲೆಕ್ಕಾಚಾರ. ಆ ಪಾತ್ರದಿಂದ ದುಡ್ಡು ಬಂತು, ಹೆಸರು ಬಂತು, ಮೂರು ವರ್ಷ ಬೇರೇನೂ ದೊಡ್ಡದು ಮಾಡಕ್ಕಾಗ್ಲಿಲ್ಲ. ನೀವು ನಿಮ್ಮ ಸೀಸನ್‌ಗಳ ಲೆಕ್ಕ ಹಾಕುವಾಗ 'ಎಂ'ಗಿಂತ ಹೆಚ್ಚಾಗಿ ಈ ಮೂರು ವರ್ಷನ ಮುಂದಿಟ್ಕೊಳಿ.

ಈಗ ನನಗೆ ಬಹಳ ಇಷ್ಟವಾದ ಭಾಗಕ್ಕೆ ಬರ್ತೀನಿ, ನಿಮ್ಮ ಫ್ರೆಂಡ್ ಇದನ್ನ ಪೂರ್ತಿ ಬಿಟ್ಟುಬಿಟ್ಟಿದಾರೆ. 1941ರಲ್ಲಿ ಎರಡು ಸಿನಿಮಾ. ಒಂದು 'ದಿ ಫೇಸ್ ಬಿಹೈಂಡ್ ದಿ ಮಾಸ್ಕ್', ಕಡಿಮೆ ಬಜೆಟ್ಟಿನ, ಒಂದು ಗಂಟೆ ಚಿಲ್ಲರೆ ಓಡೋ ಚಿಕ್ಕ ಚಿತ್ರ. ಹಂಗೇರಿಯಿಂದ ನ್ಯೂಯಾರ್ಕಿಗೆ ಹಡಗಲ್ಲಿ ಬಂದಿಳಿಯೋ ಒಬ್ಬ ಗಡಿಯಾರ ರಿಪೇರಿಯವನು, ಕಣ್ಣ ತುಂಬ ಆಸೆ, ಪೊಲೀಸನ ಹತ್ರನೂ ಖುಷಿಯಾಗಿ ಮಾತಾಡ್ತಾನೆ. ಮೊದಲ ರಾತ್ರಿನೇ ಇಳ್ಕೊಂಡ ಹೋಟೆಲಿಗೆ ಬೆಂಕಿ ಬಿದ್ದು ಮುಖ ಸುಟ್ಟುಹೋಗುತ್ತೆ. ಕೈಲಿ ಕಸುಬಿದೆ, ಆದ್ರೆ ಮುಖ ನೋಡಿ ಯಾರೂ ಕೆಲಸ ಕೊಡಲ್ಲ, ಕೊನೆಗೆ ಕಳ್ಳತನಕ್ಕೆ ಇಳೀತಾನೆ. ವಲಸೆ ಬಂದವನ ಕಥೆನ ವಲಸೆ ಬಂದವನೇ ಆಡಿದಾನೆ, ಮೊದಲ ಹತ್ತು ನಿಮಿಷದ ಆ ಹುಡುಗುತನದ ಸಂತೋಷ ನೋಡಿ, ಇವನು ಬರೀ ಹೆದರಿಸೋ ನಟ ಅನ್ನೋ ಮಾತು ಅಲ್ಲೇ ಬಿದ್ದುಹೋಗುತ್ತೆ.

ಎರಡನೇದು 'ದಿ ಮಾಲ್ಟೀಸ್ ಫಾಲ್ಕನ್'. ಜಾನ್ ಹ್ಯೂಸ್ಟನ್‌ನ ಮೊದಲ ಚಿತ್ರ. ಲೊರೆ ಇಲ್ಲಿ ಜೋಯಲ್ ಕೈರೋ, ಸೆಂಟ್ ಹಚ್ಚಿದ ವಿಸಿಟಿಂಗ್ ಕಾರ್ಡು, ಬಿಳಿ ಗ್ಲೌಸು, ಕೈಲೊಂದು ಬೆತ್ತ. ಆ ಬೆತ್ತದ ಹಿಡಿನ ಮಾತಾಡ್ತಾ ಮಾತಾಡ್ತಾ ತುಟಿ ಹತ್ರ ತರ್ತಾನೆ. ಹೀರೋ ಬೋಗಾರ್ಟ್ ಹತ್ರ ಏಟು ತಿಂತಾನೆ, ಎಚ್ಚರ ಆದ ಕೂಡ್ಲೇ ಶರ್ಟು ಹಾಳಾಯ್ತಲ್ಲ ಅಂತ ನೋಡ್ಕೊಳ್ತಾನೆ. ಕೊನೇಲಿ ಇಷ್ಟು ವರ್ಷ ಹುಡುಕಿದ ಬೆಲೆಬಾಳೋ ಹಕ್ಕಿ ಬೊಂಬೆ ನಕಲಿ ಅಂತ ಗೊತ್ತಾದಾಗ ಜೊತೆಗಾರ ಸಿಡ್ನಿ ಗ್ರೀನ್‌ಸ್ಟ್ರೀಟ್ ಮೇಲೆ ಹರಿಹಾಯ್ದು ಬೈತಾನೆ, ಬೈತಾ ಬೈತಾನೇ ಅಳು ಬಂದುಬಿಡುತ್ತೆ. ಪೂರಾ ಸಿನಿಮಾದಲ್ಲಿ ಅತ್ತವನು ಅಂತ ನನ್ನ ಮನಸ್ಸಲ್ಲಿ ಉಳಿದಿರೋದು ಅವನೊಬ್ಬನೇ. ಸ್ಕ್ರಿಪ್ಟಲ್ಲಿ ಅವನು ಒಬ್ಬ ಲಫಂಗ, ಅಷ್ಟೇ. ಅದಕ್ಕೆ ದುಃಖ, ಜಂಬ, ಸೂಕ್ಷ್ಮ ಎಲ್ಲ ತುಂಬಿದ್ದು ನಟ.

ಮುಂದಿನ ವರ್ಷ 'ಕಾಸಾಬ್ಲಾಂಕಾ'. ಅಲ್ಲಿ ಅವನ ಪಾತ್ರ ಉಗಾರ್ಟೆ, ದೇಶ ಬಿಟ್ಟು ಹೋಗಕ್ಕೆ ಕಾಯ್ತಿರೋ ನಿರಾಶ್ರಿತರಿಗೆ ಪ್ರಯಾಣದ ಕಾಗದ ಮಾರೋನು. ನಿಮಗೆ ಬಂದಿರೋ ಪಾತ್ರನೂ ಹೆಚ್ಚುಕಮ್ಮಿ ಇದೇ ಅಲ್ವಾ! ತೆರೆ ಮೇಲೆ ಕೆಲವೇ ನಿಮಿಷ ಇರ್ತಾನೆ, ಆಮೇಲೆ ಪೊಲೀಸರು ಎಳ್ಕೊಂಡು ಹೋಗ್ತಾರೆ, ಸತ್ತ ಅನ್ನೋ ಸುದ್ದಿ ಬರುತ್ತೆ. ಆದ್ರೂ ಎಂಬತ್ತು ವರ್ಷದ ಮೇಲೂ ಜನ ನೆನಪಿಟ್ಕೊಂಡಿದಾರೆ, ಯಾಕೆ? ಉಗಾರ್ಟೆಗೆ ದುಡ್ಡು ಬೇಕು ನಿಜ, ಅದಕ್ಕಿಂತ ಹೆಚ್ಚಾಗಿ ಹೀರೋ ರಿಕ್ ತನ್ನನ್ನ ಮೆಚ್ಕೋಬೇಕು. ನನ್ನ ಕಂಡ್ರೆ ನಿಂಗೆ ಅಸಹ್ಯ ಅಲ್ವಾ ಅಂತ ರಿಕ್‌ನೇ ಕೇಳ್ತಾನೆ, ಕೇಳೋವಾಗ ಇಲ್ಲ ಅನ್ನು ಅನ್ನೋ ಆಸೆ ಮುಖದಲ್ಲಿ ಕಾಣುತ್ತೆ, ರಿಕ್ ಕೊಡೋ ಉತ್ತರ ಚುಚ್ಚುತ್ತೆ, ಇವನು ಅದನ್ನೂ ನಕ್ಕೊಂಡು ತಗೊಳ್ತಾನೆ. ಕಳ್ಳ ವ್ಯಾಪಾರಿ ಪಾತ್ರಕ್ಕೆ ಈ ಗೌರವದ ಹಸಿವು ಬಂದಿದ್ರಿಂದ್ಲೇ ಅವನು ಮನುಷ್ಯ ಅನ್ನಿಸ್ತಾನೆ.

ಆ ಸಿನಿಮಾದ ಸೆಟ್ಟೇ ಒಂದು ನಿರಾಶ್ರಿತರ ಊರು ಇದ್ದಂಗಿತ್ತು ಅನ್ನೋದನ್ನ ಇಲ್ಲೇ ಹೇಳ್ಬಿಡ್ತೀನಿ. ಟೈಟಲ್ಲಲ್ಲಿ ಹೆಸರಿರೋ ನಟರಲ್ಲಿ ಅಮೆರಿಕದಲ್ಲಿ ಹುಟ್ಟಿದವರು ಮೂರೇ ಜನ. ನಾಜಿ ಮೇಜರ್ ಪಾತ್ರ ಮಾಡಿದ ಕಾನ್ರಾಡ್ ಫೈಟ್ ಯಹೂದಿ ಹೆಂಡತಿ ಜೊತೆ ಜರ್ಮನಿ ಬಿಟ್ಟು ಬಂದೋನು. ಹೆಡ್ ವೇಟರ್ ಕಾರ್ಲ್ ಆಗಿರೋ ಎಸ್.ಝಡ್. ಸಕಾಲ್ ಬುಡಾಪೆಸ್ಟಿನವನು, ಅವನ ಮೂವರು ಸಹೋದರಿಯರು ನಾಜಿ ಕ್ಯಾಂಪುಗಳಲ್ಲಿ ಸತ್ರು, ಅವನು ಮಾತ್ರ ಕೆನ್ನೆ ಅಲ್ಲಾಡಿಸ್ತಾ ಜನರನ್ನ ನಗಿಸೋ ಪಾತ್ರ ಮಾಡ್ಕೊಂಡೇ ಬಂದ. ರೂಲೆಟ್ ಅನ್ನೋ ಜೂಜಿನ ಟೇಬಲ್ ನಡೆಸೋನಾಗಿ ಬರೋ ಮಾರ್ಸೆಲ್ ದಾಲಿಯೋ ಫ್ರಾನ್ಸಲ್ಲಿ ಡೈರೆಕ್ಟರ್ ರೆನ್ವಾರ್ ಚಿತ್ರಗಳ ಮುಖ್ಯ ನಟ, ಇಲ್ಲಿ ಹೆಸರು ಕೂಡ ಟೈಟಲ್ಲಲ್ಲಿ ಇಲ್ಲ. ಇವರೆಲ್ಲ ಊರಲ್ಲಿ ದೊಡ್ಡವರು, ಇಲ್ಲಿ ಎರಡು ಮಾತಿನ ಪಾತ್ರದವರು. ಸೋತವರು ಅಂತ ಕರೀತೀರಾ ಇವರನ್ನ? ನನಗಂತೂ ಬಾಯಿ ಬರಲ್ಲ.

ಡ್ರಗ್ಸ್ ವಿಷಯದಲ್ಲಿ ನಿಮ್ಮ ಫ್ರೆಂಡ್ ಹೇಳಿದ ಕ್ರಮ ಉಲ್ಟಾ. ಪಾತ್ರ ಸರಿಯಿಲ್ಲ ಅನ್ನೋ ಬೇಜಾರಿಗೆ ಶುರುವಾದ ಚಟ ಅಲ್ಲ ಅದು. ಹಾಲಿವುಡ್ ನೋಡೋದಕ್ಕೂ ಎಷ್ಟೋ ವರ್ಷ ಮುಂಚೆ, 1920ರ ದಶಕದಲ್ಲಿ, ಹೊಟ್ಟೆ ಆಪರೇಷನ್ ಆದಾಗ ನೋವಿಗೆ ಅಂತ ಡಾಕ್ಟರು ಕೊಟ್ಟ ಮಾರ್ಫೀನ್ ಅಂಟ್ಕೊಂಡಿದ್ದು. ಮತ್ತೆ ಮತ್ತೆ ಟ್ರೀಟ್‌ಮೆಂಟ್ ತಗೊಂಡ, ಬಿಟ್ಟ, ಮತ್ತೆ ಹಿಡೀತು. ಇದು ಅವನ ಆಯ್ಕೆ ಮಾಡೋ ಶಕ್ತಿನ ತಿಂತು, ಅದು ನಿಜ. ಸಾಲ, ಆಸ್ಪತ್ರೆ, ಸಂಸಾರದ ಖರ್ಚು ಇರೋನು ವಾರದ ಸಂಬಳ ಬಿಟ್ಟು ಒಳ್ಳೇ ಪಾತ್ರಕ್ಕೆ ಕಾಯಕ್ಕಾಗಲ್ಲ. ವಾರ್ನರ್ ಜೊತೆಗಿದ್ದ ಅವನ ಕಾಂಟ್ರ್ಯಾಕ್ಟ್ ಮುಗಿದ ಕೆಲವೇ ವರ್ಷಕ್ಕೆ, 1949ರಲ್ಲಿ, ದಿವಾಳಿ ಆದ. ಇದನ್ನ ನಟನೆಯ ಸೋಲು ಅನ್ನೋ ಖಾತೆಗೆ ಬರೀಬೇಡಿ, ಕಾಯಿಲೆ ಖಾತೆಗೆ, ದುಡ್ಡಿನ ಲೆಕ್ಕ ಇಡದೇ ಇದ್ದ ಖಾತೆಗೆ ಬರೀರಿ.

ವಾಪಸ್ ಊರಿಗೆ ಹೋಗ್ಬಹುದಿತ್ತಲ್ಲ ಅಂತ ಅನ್ನಿಸ್ಬಹುದು. ಹೋದ. ಬ್ರೆಖ್ಟ್ ಅಂತೂ ಅವನನ್ನ ಬರ್ಲಿನ್‌ಗೆ ವಾಪಸ್ ಕರೀತಾ ಒಂದು ಪದ್ಯನೇ ಬರೆದಿದ್ದ. ಲೊರೆ ಬ್ರೆಖ್ಟ್ ತಂಡಕ್ಕೆ ಹೋಗ್ಲಿಲ್ಲ, ಪಶ್ಚಿಮ ಜರ್ಮನಿಗೆ ಹೋಗಿ ತಾನೇ ಬರೆಯೋದ್ರಲ್ಲಿ ಸೇರ್ಕೊಂಡು, ತಾನೇ ಡೈರೆಕ್ಟ್ ಮಾಡಿ, ತಾನೇ ಆಡಿ 1951ರಲ್ಲಿ 'ಡೇರ್ ಫರ್ಲೊರೆನೆ' ಅನ್ನೋ ಸಿನಿಮಾ ತಂದ. ಯುದ್ಧದ ಕಾಲದಲ್ಲಿ ಒಬ್ಬ ವಿಜ್ಞಾನಿ ತನ್ನ ಪ್ರೇಯಸಿನ ಕೊಲ್ತಾನೆ, ಅವನ ಸಂಶೋಧನೆ ಬೇಕಾಗಿರೋ ಸರ್ಕಾರದವರು ಅದನ್ನ ಮುಚ್ಚಿಹಾಕ್ತಾರೆ, ಯುದ್ಧ ಮುಗಿದ ಮೇಲೆ ಅವನು ಬೇರೆ ಹೆಸರಲ್ಲಿ ನಿರಾಶ್ರಿತರ ಕ್ಯಾಂಪಲ್ಲಿ ಡಾಕ್ಟರಾಗಿರ್ತಾನೆ. ನೋಡಿ ಎಂಥಾ ಕಥೆ, ಯಾವ ಕೊಲೆಗಾರನ ಮುಖನ ಅವನಿಗೆ ಅಂಟಿಸಿದ್ರೋ ಅದೇ ಮುಖ ಇಟ್ಕೊಂಡು ಇಡೀ ದೇಶನ ಪ್ರಶ್ನೆ ಕೇಳ್ದ. ಆದ್ರೆ 1951ರ ಜರ್ಮನಿಗೆ ಆ ನೆನಪು ಬೇಕಾಗಿರ್ಲಿಲ್ಲ. ಸಿನಿಮಾ ಓಡ್ಲಿಲ್ಲ. ಇವತ್ತು ಅದನ್ನ ದೊಡ್ಡ ಕೃತಿ ಅಂತ ನೋಡ್ತಾರೆ, ಅವನಿಗೆ ಮಾತ್ರ ಮತ್ತೆ ಡೈರೆಕ್ಟ್ ಮಾಡೋ ಅವಕಾಶ ಸಿಗ್ಲೇ ಇಲ್ಲ. ಊರು ಬಿಟ್ಟವನಿಗೆ ಊರು ಹಾಗೇ ಕಾಯ್ತಾ ಇರುತ್ತೆ ಅನ್ನೋದು ಸುಳ್ಳು ಸಮಾಧಾನ, ಇದನ್ನ ನಿಮಗೆ ಹೇಳ್ದೇ ಇರಕ್ಕಾಗ್ಲಿಲ್ಲ.

ಆಮೇಲೆ ಅಮೆರಿಕಕ್ಕೇ ಬಂದ. 1954ರಲ್ಲಿ ಟಿವಿಗೆ ಮಾಡಿದ 'ಕಸಿನೊ ರೊಯಾಲ್'ನಲ್ಲಿ ಜೇಮ್ಸ್ ಬಾಂಡ್ ಎದುರಿನ ಮೊಟ್ಟಮೊದಲ ವಿಲನ್ ಇವನೇ. ಅದೇ ವರ್ಷ ಡಿಸ್ನಿಯ ಸಬ್‌ಮೆರೀನ್ ಚಿತ್ರದಲ್ಲಿ ಕಾನ್ಸೀಲ್ ಅನ್ನೋ ಸಾಧು ಸಹಾಯಕ, ಮಕ್ಕಳಿಗೂ ಇಷ್ಟ ಆಗೋಂಥ ಪಾತ್ರ. ಕೊನೇ ವರ್ಷಗಳಲ್ಲಿ ಡೈರೆಕ್ಟರ್ ರೋಜರ್ ಕಾರ್ಮನ್ ಜೊತೆ 'ಟೇಲ್ಸ್ ಆಫ್ ಟೆರರ್', 'ದಿ ರೇವನ್' ಮಾಡಿದಾಗ ವಿಯೆನ್ನಾದ ಆ ಸ್ಕ್ರಿಪ್ಟಿಲ್ಲದ ನಾಟಕದ ಅಭ್ಯಾಸ ಮತ್ತೆ ಹೊರಗೆ ಬಂತು, ಸೆಟ್ಟಲ್ಲೇ ಮಾತು ಹುಟ್ಟಿಸ್ತಿದ್ದ, ಜೊತೆಗಿದ್ದವರು ತಬ್ಬಿಬ್ಬಾಗ್ತಿದ್ರು, ಸಿನಿಮಾ ಮಾತ್ರ ನಗೆಗಡಲು. 1964ರ ಮಾರ್ಚ್ 23ಕ್ಕೆ ಸ್ಟ್ರೋಕ್ ಆಗಿ ತೀರ್ಕೊಂಡ, 59 ವರ್ಷ. ಇಷ್ಟನ್ನ ಒಟ್ಟಿಗೆ ಇಟ್ಟು ನೋಡಿ, ಹಾಳಾಗ್ಹೋದ ಅಂತ ಒಂದೇ ಮಾತಲ್ಲಿ ಮುಗಿಸೋ ಬದುಕಾ ಇದು?

ಬೇರೆಯವರ ಗತಿನೂ ಚೂರು ನೋಡ್ಬಿಡಿ, ಆಗ ಅಳತೆ ಸಿಗುತ್ತೆ. ನಿಜವಾಗ್ಲೂ ಒಂದೇ ಪಾತ್ರಕ್ಕೆ ಸಿಕ್ಕಿಬಿದ್ದವನು ಅಂದ್ರೆ ಬೇಲಾ ಲುಗೋಸಿ, ಅವನೂ ಹಂಗೇರಿಯವನೇ. 1931ರ 'ಡ್ರಾಕುಲಾ' ಸಿಗ್ಲೇಬೇಕು ಅನ್ನೋ ಆತುರಕ್ಕೆ ವಾರಕ್ಕೆ 500 ಡಾಲರ್, ಏಳು ವಾರ, ಒಟ್ಟು 3500ಕ್ಕೆ ಒಪ್ಕೊಂಡ, ತನ್ನ ಬೆಲೆ ತಾನೇ ಇಳಿಸಿದ, ಸ್ಟುಡಿಯೋ ಅದನ್ನ ಮರೀಲಿಲ್ಲ. ಇನ್ನೊಂದು ಕಡೆ ಅಕೀಮ್ ತಮಿರಾಫ್, ಟಿಫ್ಲಿಸ್‌ನಲ್ಲಿ ಹುಟ್ಟಿದ ಅರ್ಮೇನಿಯನ್, ಮಾಸ್ಕೋ ಆರ್ಟ್ ಥಿಯೇಟರ್ ಜೊತೆ ಟೂರಿಗೆ ಬಂದು ಅಮೆರಿಕದಲ್ಲೇ ಉಳ್ಕೊಂಡ. ಅದೇ ದಪ್ಪ ಆಕ್ಸೆಂಟ್ ಇಟ್ಕೊಂಡೇ ಚೀನೀ ಸೇನಾಪತಿ, ಸ್ಪೇನಿನ ಗೆರಿಲ್ಲಾ, ಮೆಕ್ಸಿಕೋ ಗಡಿಯ ಗ್ಯಾಂಗ್‌ಸ್ಟರ್ ಅಂತ ಏನೇನೋ ಮಾಡಿ ಎರಡು ಸಲ ಆಸ್ಕರ್ ನಾಮಿನೇಷನ್ ತಗೊಂಡ.

ನಮ್ಮ ಸಾಬು ವಿಷಯ ಕನ್ನಡದವರು ಯಾರಿಗಾದ್ರೂ ಈ ಮಾತು ಬಂದಾಗ ನೆನಪಾಗ್ಲೇಬೇಕು. ಮೈಸೂರು ಸಂಸ್ಥಾನದ ಕಾರಾಪುರದಲ್ಲಿ 1924ರಲ್ಲಿ ಹುಟ್ಟಿದ ಮಾವುತನ ಮಗ, 'ಎಲಿಫೆಂಟ್ ಬಾಯ್' ಮಾಡಿ ಲಂಡನ್, ಅಲ್ಲಿಂದ ಹಾಲಿವುಡ್. 'ದಿ ಥೀಫ್ ಆಫ್ ಬಾಗ್ದಾದ್', 'ಜಂಗಲ್ ಬುಕ್' ಅಂತ ಪ್ರಪಂಚವೇ ಎತ್ತಿ ಆಡಿಸ್ತು. 1944ರಲ್ಲಿ ಅಮೆರಿಕದ ಪ್ರಜೆಯಾಗಿ ಯುದ್ಧವಿಮಾನದಲ್ಲಿ ಗನ್ನರ್ ಆಗಿ ಹೋಗಿ ಡಿಸ್ಟಿಂಗ್ವಿಶ್ಡ್ ಫ್ಲೈಯಿಂಗ್ ಕ್ರಾಸ್ ಪದಕ ಪಡೆದ. ವಾಪಸ್ ಬಂದ್ರೆ ಹಾಲಿವುಡ್ ಹತ್ರ ಅವನಿಗೆ ಇದ್ದಿದ್ದು ಮತ್ತದೇ ಕಾಡು, ಮತ್ತದೇ ಆನೆ. ಬೆಳೆದ ಗಂಡಸಿಗೆ ಒಂದು ಪಾತ್ರ ಬರೆಯೋರೇ ಇರ್ಲಿಲ್ಲ. 39ಕ್ಕೇ ಹೃದಯಾಘಾತವಾಗಿ ಹೋಗ್ಬಿಟ್ಟ. ಲೊರೆಗೆ ವಿಲನ್ ಪಾತ್ರಗಳಾದ್ರೂ ವಯಸ್ಸಿನ ಜೊತೆ ಬೆಳೀತಾ ಹೋದ್ವು, ಸಾಬುಗೆ ಕೊಟ್ಟಿದ್ದು ಹುಡುಗನಿಗೆ ಹೊಲಿದ ಅಂಗಿ, ಅದು ಬೆಳೀಲೇ ಇಲ್ಲ.

ಈಗ ನಿಮ್ಮ ವಿಷಯ. ಒಂದು ದಾರಿ ಅಂದ್ರೆ ಆಕ್ಸೆಂಟ್ ಬದಲಾಯಿಸೋದು. ಡೈಲೆಕ್ಟ್ ಕೋಚ್ ಹತ್ರ ಹೋಗಿ, ಕೆನಡಾ ಇಂಗ್ಲಿಷ್ ಕಲೀರಿ, ಬೇಡ ಅನ್ನಲ್ಲ, ಇನ್ನೊಂದು ವಾದ್ಯ ಕೈಲಿದ್ರೆ ಒಳ್ಳೇದೇ. ಆದ್ರೆ ನಾನು ನೋಡಿರೋ ಅಪಾಯ ಏನಂದ್ರೆ, ಸ್ವರ ಸರಿ ಬರ್ತಿದೆಯಾ ಅನ್ನೋದ್ರ ಮೇಲೇ ಗಮನ ಇಟ್ಟ ನಟ ಎದುರಿಗಿರೋರ ಮಾತು ಕೇಳಿಸ್ಕೊಳ್ಳೋದೇ ನಿಲ್ಲಿಸ್ಬಿಡ್ತಾನೆ, ಉಚ್ಚಾರ ಸರಿ ಇರುತ್ತೆ, ಮುಖ ಸತ್ತಿರುತ್ತೆ. ಜೊತೆಗೆ ಅಲ್ಲೇ ಹುಟ್ಟಿ ಬೆಳೆದವರ ಜೊತೆ ಅದೇ ಧಾಟಿಲಿ ಪೈಪೋಟಿ ಮಾಡ್ಬೇಕಾಗುತ್ತೆ. ಕಲೀರಿ, ನಿಮ್ಮದನ್ನ ಮಾತ್ರ ಬಿಡ್ಬೇಡಿ.

ಬೇಡ ಅಂದ್ಬಿಡೋದು ಇನ್ನೊಂದು ದಾರಿ. ಗೌರವ ಉಳಿಯುತ್ತೆ, ಆದ್ರೆ ಏಜೆಂಟು ಎರಡು ಮೂರು ಸಲ ಬೇಡ ಅನ್ನಿಸ್ಕೊಂಡ ಮೇಲೆ ಫೋನ್ ಕಡಿಮೆ ಮಾಡ್ತಾನೆ, ಕ್ಯಾಮೆರಾ ಮುಂದೆ ನಿಲ್ಲೋ ಅಭ್ಯಾಸನೂ ತಪ್ಪುತ್ತೆ. ಪಾತ್ರಕ್ಕೆ ಒಳಗೇನೂ ಇಲ್ಲ, ಬರೀ ನಮ್ಮ ಬಣ್ಣ ನೋಡಿ ಹೆದರಿಸಕ್ಕೆ ಬರೆದಿದಾರೆ ಅಂತ ಓದಿದ್ಮೇಲೆ ಅನ್ನಿಸಿದ್ರೆ ಧೈರ್ಯವಾಗಿ ಬೇಡ ಅನ್ನಿ. ಓದೋ ಮುಂಚೆ ಅನ್ಬೇಡಿ. ಓದುವಾಗ ಇಷ್ಟು ನೋಡಿ, ಇವನಿಗೆ ದುಡ್ಡು ಬಿಟ್ಟು ಬೇರೆ ಏನಾದ್ರೂ ಬೇಕಾ, ಯಾರ ಮೆಚ್ಚುಗೆಗಾದ್ರೂ ಕಾಯ್ತಿದಾನಾ, ಯಾರಿಗಾದ್ರೂ ಹೆದರ್ತಾನಾ. ಒಂದೇ ಒಂದು ಸಿಕ್ಕಿದ್ರೂ ನೀವು ಅದನ್ನ ಹಿಡ್ಕೊಂಡು ಬೆಳೆಸ್ಬಹುದು, ಲೊರೆ ಉಗಾರ್ಟೆಗೆ ಮಾಡಿದ್ದು ಅದೇ.

ನಿಮ್ಮದೇ ಕೆಲಸ ಮಾಡೋದೂ ಇದೆ, ಶಾರ್ಟ್ ಫಿಲ್ಮ್, ಅಲ್ಲಿನ ಕನ್ನಡದವರ ಜೊತೆ ನಾಟಕ. ಕೈ ದುಡ್ಡು ಹೋಗುತ್ತೆ, ನೋಡೋರು ಬರ್ದೇನೂ ಇರ್ಬಹುದು, 1951ರಲ್ಲಿ ಏನಾಯ್ತು ಅಂತ ಮೇಲೇ ಹೇಳಿದೀನಿ. ಆದ್ರೂ ನಾನು ಇದನ್ನ ಬಿಡ್ಬೇಡಿ ಅಂತೀನಿ, ಯಾಕಂದ್ರೆ ಕಾಸ್ಟಿಂಗ್‌ನವರಿಗೆ ನಿಮ್ಮನ್ನ ಇನ್ನೊಂಥರಾ ತೋರಿಸೋ ಬೇರೆ ಸಾಕ್ಷಿ ನಿಮ್ಮ ಹತ್ರ ಇರಲ್ಲ. ಸಾಲ ಮಾಡಿ ಮಾತ್ರ ಬೇಡ.

ಸೈನ್ ಮಾಡೋದಾದ್ರೆ, ನನಗೆ ಇದೇ ಸರಿ ಅನ್ನಿಸ್ತಿದೆ, ನಿಮ್ಮ ಪತ್ರದಲ್ಲಿ ಆ ಪಾತ್ರದ ಮೇಲೆ ಆಸೆನೂ ಕಾಣ್ತಿದೆ, ಆದ್ರೆ ಸೈನ್ ಮಾಡೋ ಕಾಗದ ಪಾತ್ರಕ್ಕಿಂತ ಹೆಚ್ಚು ಗಮನ ಇಟ್ಟು ಓದ್ಬೇಕು. ಮುಂದಿನ ಸೀಸನ್ನಿನ ಆಪ್ಷನ್ ಯಾರ ಕೈಲಿದೆ, ಎಷ್ಟು ಸೀಸನ್, ಯಾವ ತಾರೀಖಿನ ಒಳಗೆ ಅವರು ಹೇಳ್ಬೇಕು, ಅಲ್ಲೀವರೆಗೆ ನೀವು ಬೇರೆ ಕೆಲಸ ತಗೋಬಹುದಾ, ಸೀಸನ್ನಿಗೆ ಕಡೇಪಕ್ಷ ಎಷ್ಟು ಎಪಿಸೋಡ್ ಗ್ಯಾರಂಟಿ, ಪ್ರತಿ ಸಲ ಸಂಬಳ ಎಷ್ಟು ಏರುತ್ತೆ, ನಾಟಕ ಮಾಡಕ್ಕೆ ಅವರ ಪರ್ಮಿಷನ್ ಬೇಕಾ. ಹೀಗೆಲ್ಲ ಕೇಳಿದ್ರೆ ಪಾತ್ರ ಕೈತಪ್ಪೋ ಅಪಾಯ ಸ್ವಲ್ಪ ಇದೆ, ಚಿಕ್ಕ ಪಾತ್ರದವನು ಇಷ್ಟು ಕೇಳ್ತಾನಾ ಅನ್ನೋರು ಇರ್ತಾರೆ. ಎಪಿಸೋಡ್ ಗ್ಯಾರಂಟಿ ಕೊಡದೇ ಬೇರೆ ಕೆಲಸನೂ ಮಾಡ್ಬೇಡ ಅಂದ್ರೆ ಮಾತ್ರ ಒಪ್ಕೋಬೇಡಿ, ಅದು ಹಳೇ ಸ್ಟುಡಿಯೋ ಕಾಂಟ್ರ್ಯಾಕ್ಟೇ, ಹೊಸ ಲೆಟರ್‌ಹೆಡ್ ಮೇಲೆ. ಅಲ್ಲಿ ಆ್ಯಕ್ಟ್ರಾ ಅನ್ನೋ ನಟರ ಯೂನಿಯನ್ ಇದೆ, ಮೆಂಬರ್ ಆಗಿದ್ರೆ ಕಾಗದ ತಗೊಂಡು ಅವರ ಹತ್ರ ಹೋಗಿ, ಇಲ್ದಿದ್ರೆ ಎಂಟರ್‌ಟೈನ್‌ಮೆಂಟ್ ಕಾಂಟ್ರ್ಯಾಕ್ಟ್ ಓದೋ ಲಾಯರ್ ಒಬ್ಬರಿಗೆ ಫೀಸ್ ಕೊಟ್ಟು ತೋರಿಸಿ. ಏಜೆಂಟ್ ನೋಡಿದಾನಲ್ಲ ಅಂತ ಬಿಡ್ಬೇಡಿ, ನೀವು ಸೈನ್ ಮಾಡಿದ್ರೆ ಅವನಿಗೆ ಕಮಿಷನ್ ಬರುತ್ತೆ.

ಅಷ್ಟರಲ್ಲಿ ನಿಮ್ಮ ಫ್ರೆಂಡನ್ನ ಕೂರಿಸ್ಕೊಂಡು 'ದಿ ಮಾಸ್ಕ್ ಆಫ್ ಡಿಮಿಟ್ರಿಯೋಸ್' ನೋಡಿ, 1944ರದ್ದು. ಲೊರೆ ಅದ್ರಲ್ಲಿ ಯಾರನ್ನೂ ಕೊಲ್ಲಲ್ಲ, ಕಥೆ ಹುಡ್ಕೊಂಡು ಊರೂರು ಅಲೆಯೋ ಒಬ್ಬ ಮೆತ್ತಗಿನ ಲೇಖಕ, ಸಿನಿಮಾ ಪೂರ್ತಿ ಅವನ ಹೆಗಲ ಮೇಲೇ ನಡೆಯುತ್ತೆ, ಅದೇ ಮುಖ, ಅದೇ ಆಕ್ಸೆಂಟ್. ನೋಡಾದ್ಮೇಲೆ ನಿಮ್ಮ ಪಾತ್ರದ ಮೊದಲ ಎರಡು ಎಪಿಸೋಡಿನ ಸ್ಕ್ರಿಪ್ಟ್ ಕೇಳಿ ತರಿಸ್ಕೊಳಿ. ಕೊಡಲ್ಲ ಅಂದ್ರೆ ಅದನ್ನೂ ಒಂದು ಉತ್ತರ ಅಂತ ತಗೊಂಡು ಆಮೇಲೆ ಪೆನ್ ಎತ್ತಿ.